ಮರಳು, ಮರುಳು



ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಕಡೆಯವರು ಉಸುಕು ಎನ್ನುತ್ತೀರಿ. ಕಾಸರಗೋಡಿನವರು ಹೊಯಿಗೆ ಎನ್ನುತ್ತೀರಿ. ಹೊಸೂರು, ಮಡಕಶಿರದ ಕಡೆ ಮರಳು ಎಂಬ ಮಾತೇ ಹೆಚ್ಚು. ಯಾವ ಹೆಸರಿನಿಂದ ಕರೆದರೂ ವಸ್ತು ಒಂದೇ. ಮುಷ್ಟಿಯಲ್ಲಿ ಬಿಗಿಹಿಡಿದಷ್ಟೂ ಬೆರಳ ಸಂದಿಯಿಂದ ಜಾರುವ ವಸ್ತು. ಇಂದಿನ ಮಾತು ಈ ಮರಳನ್ನೇ ಮುಖ್ಯ ಪಾತ್ರವಾಗಿ ಮಾಡಿಕೊಂಡ ಒಂದು ಜಪಾನೀ ಚಲನಚಿತ್ರದ ಬಗ್ಗೆ.

ಚಿತ್ರದ ಹೆಸರು 'ಸುನಾ ನೋ ಒನ್ನಾ'. ಮರಳಿನ ಹೆಂಗಸು ಎಂದು ಅರ್ಥ. ಇಂಗ್ಲಿಷಿನಲ್ಲಿ 'ವುಮನ್ ಇನ್ ದ ಡ್ಯೂನ್ಸ್' ಎಂದು ಪ್ರಸಿದ್ಧ. 1964ರಲ್ಲಿ ತೆರೆಗೆ ಬಂದ ಕಪ್ಪು ಬಿಳುಪಿನ ಚಿತ್ರ. ನಿರ್ದೇಶಿಸಿದವರು ಹಿರೋಶಿ ತೆಶಿಗಹಾರ. ಕೋಬೊ ಅಬೆ ಎಂಬ ಲೇಖಕರು 1962ರಲ್ಲಿ ಬರೆದ ಕಾದಂಬರಿಯೇ ಇದರ ಮೂಲ. ಚಿತ್ರಕಥೆಯನ್ನು ಬರೆದವರೂ ಅವರೇ.

ಇಂಥ ಚಿತ್ರಗಳೆಂದರೆ ನಮ್ಮಲ್ಲಿ ಅನೇಕರಿಗೆ ಒಂದು ಅಳುಕು. ಪ್ರಶಸ್ತಿ ಬಂದ ಚಿತ್ರ, ನಮಗೆ ತಿಳಿಯುವಂಥದ್ದಲ್ಲ ಎಂದು ಎದ್ದು ಹೋಗುವವರೇ ಹೆಚ್ಚು. ಆದರೆ ಈ ಚಿತ್ರದಲ್ಲಿ ಇರುವುದಾದರೂ ಏನು? ಒಂದು ಊರು, ಒಂದು ಗುಂಡಿ, ಒಂದು ಹಳೆಯ ಮನೆ, ಕುಡಿಯುವ ನೀರಿನ ಚಿಂತೆ, ದಿನವೂ ಮಾಡಿದರೂ ಮುಗಿಯದ ಕೆಲಸ. ಇವುಗಳಲ್ಲಿ ಯಾವುದು ನಮಗೆ ತಿಳಿಯದು? ಹಳ್ಳಿಯಲ್ಲಿ ಬಾಳಿದವರಿಗೆ ನಗರದವರಿಗಿಂತ ಬೇಗನೆ ಹತ್ತಿರವಾಗುವ ಚಿತ್ರ ಇದು.

ಮೊದಲು ಕಥೆಯನ್ನು ಕೇಳಿ. ಕಥೆ ಗೊತ್ತಾದರೆ ಚಿತ್ರದ ಸ್ವಾರಸ್ಯ ಕೆಡುವುದಿಲ್ಲ. ಇದು ಮುಂದೇನು ಎಂಬುದಕ್ಕಿಂತ ಇದೇನು ಎಂಬುದನ್ನು ಕೇಳಿಸುವ ಚಿತ್ರ.

ಟೋಕಿಯೊ ನಗರದ ಒಬ್ಬ ಶಾಲಾ ಮಾಸ್ತರ. ಕೀಟಗಳನ್ನು ಹಿಡಿದು ಸಂಗ್ರಹಿಸುವುದು ಅವನ ಹವ್ಯಾಸ. ರಜೆ ಹಾಕಿ ಕಡಲ ತೀರದ ಮರಳುಗುಡ್ಡಗಳಿಗೆ ಬರುತ್ತಾನೆ. ಅಲ್ಲಿ ಯಾರೂ ಕಾಣದ ಹೊಸ ಜಾತಿಯ ಒಂದು ಜೀರುಂಡೆಯನ್ನು ಹಿಡಿಯಬೇಕು, ಕೀಟಶಾಸ್ತ್ರದ ಪುಸ್ತಕದಲ್ಲಿ ಅದರ ಜೊತೆಗೆ ತನ್ನ ಹೆಸರೂ ಅಚ್ಚಾಗಬೇಕು ಎಂಬುದು ಅವನ ಆಸೆ. ಹುಡುಕುತ್ತ ಹೊತ್ತು ಮೀರಿ ಕೊನೆಯ ಬಸ್ಸು ತಪ್ಪುತ್ತದೆ. ಊರಿನವರು ವಿನಯದಿಂದ ಮಾತನಾಡಿಸಿ, ರಾತ್ರಿ ತಂಗಲು ಒಂದು ಮನೆ ತೋರಿಸುತ್ತಾರೆ. ಆ ಮನೆ ಇರುವುದು ಆಳವಾದ ಮರಳಿನ ಗುಂಡಿಯ ತಳದಲ್ಲಿ. ಹಗ್ಗದ ಏಣಿ ಹಿಡಿದು ಇಳಿಯಬೇಕು. ಒಳಗೆ ಒಬ್ಬ ವಿಧವೆ ಇದ್ದಾಳೆ. ಮರಳಿನ ಬಿರುಗಾಳಿಯಲ್ಲಿ ಗಂಡನನ್ನೂ ಮಗಳನ್ನೂ ಕಳೆದುಕೊಂಡವಳು.

ಆಕೆ ಅವನಿಗೆ ಊಟ ಬಡಿಸಿ, ತಲೆಯ ಮೇಲೆ ಕೊಡೆ ಹಿಡಿಯುತ್ತಾಳೆ. ಏಕೆಂದರೆ ಸೂರಿನಿಂದ ಮರಳು ಉದುರುತ್ತಲೇ ಇರುತ್ತದೆ. ರಾತ್ರಿಯಾದ ಮೇಲೆ ಆಕೆ ಸಲಿಕೆ ಹಿಡಿದು ಹೊರಗೆ ಹೋಗುತ್ತಾಳೆ. ಗುಂಡಿಗೆ ಜಾರಿದ ಮರಳನ್ನು ತೋಡಿ ತುಂಬುತ್ತಾಳೆ, ಮೇಲಿನವರು ಹಗ್ಗ ಕಟ್ಟಿ ಎಳೆದುಕೊಳ್ಳುತ್ತಾರೆ. ಒಂದು ರಾತ್ರಿ ಬಿಟ್ಟರೆ ಮನೆ ಮುಚ್ಚಿಹೋಗುತ್ತದೆ. ಈ ಮನೆ ಮುಚ್ಚಿದರೆ ಪಕ್ಕದ ಮನೆಗೆ ಅಪಾಯ. ಬೆಳಗ್ಗೆ ಮಾಸ್ತರ ಎದ್ದು ನೋಡಿದರೆ ಏಣಿ ಇಲ್ಲ. ಅವನನ್ನು ಕೆಲಸಕ್ಕಾಗಿ ಹಿಡಿದು ಹಾಕಿದ್ದಾರೆ.

ಅವನು ಕೂಗುತ್ತಾನೆ, ಬೆದರಿಸುತ್ತಾನೆ, ಮರಳಿನ ಗೋಡೆಯನ್ನು ಹತ್ತಲು ಹೋಗಿ ಜಾರಿ ಬೀಳುತ್ತಾನೆ. ಹೆಂಗಸನ್ನು ಕಟ್ಟಿಹಾಕಿ ಹಟ ಹಿಡಿಯುತ್ತಾನೆ. ಮೇಲಿನವರು ನೀರು ಕೊಡುವುದನ್ನು ನಿಲ್ಲಿಸುತ್ತಾರೆ. ಬಾಯಾರಿಕೆಗೆ ಸೋತು ಸಲಿಕೆ ಹಿಡಿಯುತ್ತಾನೆ. ಒಮ್ಮೆ ಹೇಗೋ ಮೇಲೆ ಹತ್ತಿ ಓಡಿಹೋಗುತ್ತಾನೆ. ಕತ್ತಲಲ್ಲಿ ಹೂಳುಮರಳಿನಲ್ಲಿ ಸೊಂಟದವರೆಗೆ ಹುಗಿದು, ಜೀವ ಉಳಿಸಿ ಎಂದು ಯಾರಿಂದ ಓಡಿ ಬಂದನೋ ಅವರನ್ನೇ ಕೂಗಿ ಕರೆಯಬೇಕಾಗುತ್ತದೆ. ಅವರು ಎಳೆದು ಬದುಕಿಸಿ, ಮತ್ತೆ ಅದೇ ಗುಂಡಿಗೆ ಇಳಿಸುತ್ತಾರೆ.

ಕೇಳುಗರೆ, ಇಲ್ಲಿ ಸ್ವಲ್ಪ ನಿಂತು ಒಂದು ವಿಷಯವನ್ನು ಗಮನಿಸಿ. ಇಂಥ ಗುಂಡಿ ಇರಲು ಸಾಧ್ಯವೆ?

ಕಣದಲ್ಲಿ ರಾಗಿಯನ್ನೋ ಜೋಳವನ್ನೋ ರಾಶಿ ಹಾಕಿದ್ದನ್ನು ನೀವು ನೋಡಿದ್ದೀರಿ. ಎಷ್ಟು ಸುರಿದರೂ ರಾಶಿಯ ಇಳಿಜಾರು ಒಂದು ಮಟ್ಟಕ್ಕಿಂತ ಕಡಿದಾಗುವುದಿಲ್ಲ. ಮೇಲೆ ಸುರಿದದ್ದು ಕೆಳಗೆ ಜಾರುತ್ತದೆ, ರಾಶಿ ಅಗಲವಾಗುತ್ತದೆ. ಒಣ ಮರಳಿನ ಗುಣವೂ ಅದೇ. ಸುಮಾರು 30ರಿಂದ 35 ಡಿಗ್ರಿಗಿಂತ ಕಡಿದಾದ ಇಳಿಜಾರಿನಲ್ಲಿ ಅದು ನಿಲ್ಲುವುದಿಲ್ಲ. ಹಾಗಿರುವಾಗ ಮನೆಗಿಂತ ಎತ್ತರವಾಗಿ ಗೋಡೆಯಂತೆ ನೆಟ್ಟಗೆ ನಿಂತ ಒಣ ಮರಳು ಎಲ್ಲಿಂದ ಬರಬೇಕು? ಲೆಕ್ಕ ಹಾಕಿದರೆ ಈ ಗುಂಡಿ ಒಂದು ದಿನವೂ ನಿಲ್ಲದು.

ಆದರೂ ಚಿತ್ರ ನೋಡುವಾಗ ಆ ಸಂದೇಹ ಬರುವುದಿಲ್ಲ. ಇದೇ ಈ ಚಿತ್ರದ ಗುಟ್ಟು. ವಿಮರ್ಶಕರು ಇದನ್ನು ಅತಿವಾಸ್ತವ ಶೈಲಿ ಎನ್ನುತ್ತಾರೆ. 1924ರಲ್ಲಿ ಪ್ಯಾರಿಸಿನಲ್ಲಿ ಆಂದ್ರೆ ಬ್ರೆತೋಂ ಎಂಬ ಕವಿ ಬರೆದ ಪ್ರಣಾಳಿಕೆಯಿಂದ ಆ ಮಾತು ಹರಡಿತು. ಮಾತು ದೊಡ್ಡದು, ಅನುಭವ ಮಾತ್ರ ಎಲ್ಲರದೂ. ಕನಸಿನಲ್ಲಿ ತೀರಿಹೋದ ಅಜ್ಜ ಬಂದು ಜಗಲಿಯ ಮೇಲೆ ಕುಳಿತು ನೀರು ಕೇಳುತ್ತಾನೆ ಎನ್ನಿ. ಅವನ ಕೆಮ್ಮು ಅದೇ ಕೆಮ್ಮು, ಚೊಂಬಿನ ಮೇಲಿನ ನೆಗ್ಗು ಅದೇ ನೆಗ್ಗು. ಆದ್ದರಿಂದ ಸತ್ತವನು ಬಂದದ್ದು ಹೇಗೆ ಎಂದು ಕನಸಿನಲ್ಲಿ ಯಾರೂ ಕೇಳುವುದಿಲ್ಲ. ಅಸಂಭವವಾದದ್ದು ಒಂದೇ ಒಂದು, ಉಳಿದದ್ದೆಲ್ಲ ಕೂದಲೆಳೆಯಷ್ಟೂ ತಪ್ಪದಂತೆ ನಿಜ. ತೆಶಿಗಹಾರ ಮಾಡಿದ್ದು ಇದನ್ನೇ. ಗುಂಡಿ ಎಂಬ ಒಂದು ಅಸಂಭವವನ್ನು ನಮ್ಮ ಮುಂದಿಟ್ಟು, ಅದರೊಳಗಿನ ಬೆವರು, ಧೂಳು, ಬಾಯಾರಿಕೆ, ಮೈಗೆ ಅಂಟಿದ ಮರಳಿನ ತುರಿಕೆ ಎಲ್ಲವನ್ನೂ ಎಷ್ಟು ನಿಜವಾಗಿ ತೋರಿಸುತ್ತಾರೆಂದರೆ, ನೋಡುವವರು ತಮ್ಮ ಕುತ್ತಿಗೆಯನ್ನು ಒರೆಸಿಕೊಳ್ಳುತ್ತಾರೆ.

ಇದಕ್ಕೆ ಅವರು ಬಳಸಿದ ಸಾಧನ ಬಹಳ ಸರಳ. ಕ್ಯಾಮರಾವನ್ನು ಹತ್ತಿರ ತರುವುದು. ಚಿತ್ರದ ಮೊದಲಲ್ಲೇ ತೆರೆಯ ತುಂಬ ಒಂದು ಬಂಡೆಯಂಥ ಆಕಾರ ಕಾಣುತ್ತದೆ. ಅದು ಬಂಡೆಯಲ್ಲ, ಮರಳಿನ ಒಂದೇ ಒಂದು ಕಣ. ಮುಂದಿನ ನೋಟದಲ್ಲಿ ಕೆಲವು ಕಣಗಳು, ಅನಂತರ ನೂರಾರು, ಆಮೇಲೆ ಅಲೆಯಲೆಯಾದ ಮರಳುಗುಡ್ಡ. ಕಾದಂಬರಿಯಲ್ಲಿ ಮರಳಿನ ಕಣದ ಅಳತೆಯನ್ನೂ ಅಬೆ ಕೊಡುತ್ತಾರೆ. ಸರಾಸರಿ ಒಂದು ಮಿಲಿಮೀಟರಿನ ಎಂಟನೆಯ ಒಂದು ಭಾಗ. ಹತ್ತಿರದಿಂದ ನೋಡಿದರೆ ಬಂಡೆ, ದೂರದಿಂದ ನೋಡಿದರೆ ನೀರಿನಂತೆ ಹರಿಯುವ ರಾಶಿ. ಇವೆರಡರಲ್ಲಿ ನಿಜ ಯಾವುದು? ಎರಡೂ ನಿಜ. ಕಾಣುವುದು ನಾವು ನಿಂತ ದೂರವನ್ನು ಅವಲಂಬಿಸಿದೆ. ಮಾತಿನ ಸಹಾಯವಿಲ್ಲದೆ ಚಿತ್ರ ಈ ಪಾಠವನ್ನು ಆರಂಭದ ಕೆಲವೇ ನಿಮಿಷಗಳಲ್ಲಿ ಹೇಳಿಬಿಡುತ್ತದೆ. ಛಾಯಾಗ್ರಾಹಕ ಹಿರೋಶಿ ಸೆಗಾವಾ. ಚಿತ್ರೀಕರಣ ನಡೆದದ್ದು ಶಿಜುವೊಕಾ ಪ್ರಾಂತದ ಹಮಾವೊಕಾ ಎಂಬಲ್ಲಿನ ಕಡಲ ತೀರದ ಮರಳುಗುಡ್ಡಗಳಲ್ಲಿ.

ಕಣ್ಣಿಗೆ ಮಾಡಿದ್ದನ್ನೇ ಕಿವಿಗೂ ಮಾಡಿದ್ದಾರೆ. ರೇಡಿಯೋ ಕೇಳುವ ನಿಮಗೆ ಇದು ವಿಶೇಷವಾಗಿ ಹಿಡಿಸೀತು. ಸಂಗೀತ ತೋರು ತಾಕೆಮಿತ್ಸು ಅವರದು. ಹಾಡಿಲ್ಲ, ರಾಗವೆನ್ನುವಂಥದ್ದೂ ಇಲ್ಲ. ತಂತಿವಾದ್ಯಗಳ ದನಿ ಮೇಲಿನಿಂದ ಕೆಳಗೆ ಕಿರುಗುಟ್ಟುತ್ತ ಜಾರುತ್ತದೆ. ಅದು ಗಾಳಿಯೋ, ಮರಳು ಕುಸಿದ ಸದ್ದೋ, ಅವನ ತಲೆಯೊಳಗಿನ ಭಯವೋ ಎಂದು ಹೇಳಲಾಗದು. ಆಗಾಗ ಸಂಗೀತ ಪೂರ್ತಿ ನಿಂತು, ಸಲಿಕೆಯ ಸದ್ದು ಮಾತ್ರ ಉಳಿಯುತ್ತದೆ. ಒಂಟಿಯಾಗಿ ಬಹಳ ಕಾಲ ಇದ್ದವರಿಗೆ ಸದ್ದುಗಳು ಹೀಗೆಯೇ ಕೇಳಿಸುತ್ತವೆ. ಹೊರಗಿನದು ಎಲ್ಲಿ ಮುಗಿಯಿತು, ಒಳಗಿನದು ಎಲ್ಲಿ ಶುರುವಾಯಿತು ಎಂಬ ಗೆರೆ ಅಳಿಸಿಹೋಗುತ್ತದೆ.

ಈ ಚಿತ್ರವನ್ನು ಮಾಡಿದವರು ಸಿನಿಮಾ ಕಂಪನಿಗಳಲ್ಲಿ ಬೆಳೆದವರಲ್ಲ ಎಂಬುದನ್ನೂ ಹೇಳಬೇಕು. ಆ ಕಾಲದ ಜಪಾನಿನಲ್ಲಿ ಚಿತ್ರಗಳನ್ನು ಮುಖ್ಯವಾಗಿ ತೋಹೊ, ಶೋಚಿಕು, ದಾಯೆ, ನಿಕ್ಕತ್ಸು, ತೋಯೆಯಂಥ ದೊಡ್ಡ ಕಂಪನಿಗಳು ತಯಾರಿಸುತ್ತಿದ್ದವು. ತೆಶಿಗಹಾರ ಅವುಗಳ ಹೊರಗೆ ನಿಂತು, ತಮ್ಮದೇ ಸಂಸ್ಥೆ ಕಟ್ಟಿ ಚಿತ್ರ ತೆಗೆದರು. ಅವರ ತಂದೆ ಸೋಫು ತೆಶಿಗಹಾರ ಜಪಾನಿನ ಹೂವಿನ ಅಲಂಕಾರ ಕಲೆಯ ದೊಡ್ಡ ಗುರು. ಆ ಕಲೆಗೆ ಇಕೆಬಾನಾ ಎನ್ನುತ್ತಾರೆ. 1927ರಲ್ಲಿ ಸೋಗೆತ್ಸು ಎಂಬ ಹೊಸ ಪಂಥವನ್ನು ಸ್ಥಾಪಿಸಿದವರು ಅವರು. ಅದೇ ವರ್ಷ ಹಿರೋಶಿ ಹುಟ್ಟಿದ್ದು. ಮುಂದೆ 1980ರಲ್ಲಿ ಹಿರೋಶಿಯೂ ಆ ಪಂಥದ ಮುಖ್ಯಸ್ಥರಾದರು. 2001ರಲ್ಲಿ ತೀರಿಕೊಂಡರು. ಒಂದು ಕೊಂಬೆ, ಒಂದು ಹೂವು, ಸುತ್ತ ಖಾಲಿ ಜಾಗ, ಇಷ್ಟರಲ್ಲೇ ಒಂದು ಲೋಕವನ್ನು ತೋರಿಸುವ ಮನೆತನದಿಂದ ಬಂದವರು ಇಬ್ಬರೇ ಮುಖ್ಯ ಪಾತ್ರಧಾರಿಗಳನ್ನೂ ಒಂದು ಗುಂಡಿಯನ್ನೂ ಇಟ್ಟುಕೊಂಡು 147 ನಿಮಿಷಗಳ ಚಿತ್ರ ಮಾಡಿದ್ದರಲ್ಲಿ ಆಶ್ಚರ್ಯವಿಲ್ಲ.

ಕೋಬೊ ಅಬೆ 1924ರಲ್ಲಿ ಹುಟ್ಟಿದವರು. ತಂದೆ ವೈದ್ಯರು. ಬಾಲ್ಯ ಕಳೆದದ್ದು ಆಗ ಜಪಾನಿನ ಹಿಡಿತಕ್ಕೆ ಸಿಕ್ಕಿದ ಮಂಚೂರಿಯಾದಲ್ಲಿ. ಯುದ್ಧದಲ್ಲಿ ಜಪಾನು ಸೋತ ಮೇಲೆ ಆ ಊರು ತಮ್ಮದಲ್ಲದಾಯಿತು. ತಾವೂ ವೈದ್ಯಕೀಯ ಓದಿದರು, ಆದರೆ ವೈದ್ಯರಾಗದೆ ಬರಹಗಾರರಾದರು. ಮನುಷ್ಯನಿಗೂ ಅವನ ಊರಿಗೂ ಇರುವ ಸಂಬಂಧ ಎಂಥದು, ಅದು ಕಡಿದುಹೋದರೆ ಉಳಿಯುವುದು ಏನು ಎಂಬ ಪ್ರಶ್ನೆಯನ್ನು ಅವರು 1993ರಲ್ಲಿ ತೀರಿಕೊಳ್ಳುವವರೆಗೂ ಬಿಡಲಿಲ್ಲ. ಗಡಿಗಳು ಸರಿದಾಗ ಮನೆಯಲ್ಲೇ ಇದ್ದವರೂ ಹೊರಗಿನವರಾಗುವುದನ್ನು ಬಲ್ಲ ನಿಮಗೆ ಈ ಪ್ರಶ್ನೆಯನ್ನು ವಿವರಿಸಬೇಕಾಗಿಲ್ಲ.

ಈಗ ಮತ್ತೆ ಚಿತ್ರಕ್ಕೆ ಬರೋಣ. ಚಿತ್ರದ ಹೆಸರುಗಳು ತೆರೆಯ ಮೇಲೆ ಮೂಡುವಾಗ ಅವುಗಳ ಜೊತೆ ರಬ್ಬರು ಮುದ್ರೆಗಳೂ ಬೆರಳಚ್ಚುಗಳೂ ಕಾಣುತ್ತವೆ. ಹಿನ್ನೆಲೆಯಲ್ಲಿ ನಗರದ ಗದ್ದಲ. ಸ್ವಲ್ಪ ಹೊತ್ತಿನ ನಂತರ ಮಾಸ್ತರ ಮರಳಿನಲ್ಲಿ ಅರ್ಧ ಹುಗಿದ ಒಂದು ಹಳೆಯ ದೋಣಿಯಲ್ಲಿ ಒರಗಿ ಯೋಚಿಸುತ್ತಾನೆ. ಒಬ್ಬ ಮನುಷ್ಯ ತಾನು ತಾನೇ ಎಂದು ರುಜುವಾತು ಮಾಡಲು ಎಷ್ಟು ಕಾಗದ ಬೇಕು! ಕರಾರು ಪತ್ರ, ಪರವಾನಗಿ, ಗುರುತಿನ ಚೀಟಿ, ನೋಂದಣಿ, ಪ್ರಮಾಣ ಪತ್ರ. ಇಷ್ಟಿದ್ದರೂ ಯಾವುದೋ ಒಂದು ಕಾಗದ ಕಡಿಮೆಯೇ.

ನಿಮ್ಮ ಮನೆಯ ಟ್ರಂಕನ್ನು ನೆನಪಿಸಿಕೊಳ್ಳಿ. ಶಾಲೆಯ ದಾಖಲೆಯಲ್ಲಿ ಹೆಸರು ಕನ್ನಡದಲ್ಲಿ. ಪಡಿತರ ಚೀಟಿಯಲ್ಲಿ ಅದೇ ಹೆಸರು ಮಲಯಾಳದಲ್ಲೋ ತಮಿಳಿನಲ್ಲೋ ಮರಾಠಿಯಲ್ಲೋ ತೆಲುಗಿನಲ್ಲೋ. ಒಂದರಲ್ಲಿ ದೀರ್ಘ, ಇನ್ನೊಂದರಲ್ಲಿ ಹ್ರಸ್ವ. ಎರಡೂ ಒಬ್ಬನದೇ ಎಂದು ಬರೆಸಿಕೊಳ್ಳಲು ಮೂರನೆಯ ಕಾಗದ. ಆ ಮಾಸ್ತರನ ಬೇಸರ ಎಂಥದು ಎಂದು ನಿಮಗೆ ತಟ್ಟನೆ ಹೊಳೆಯುತ್ತದೆ. ಆದರೆ ಅವನ ವಿಚಿತ್ರ ನೋಡಿ. ಕಾಗದಗಳಿಂದ ಬೇಸತ್ತವನೇ ಗುಂಡಿಗೆ ಬಿದ್ದ ಮೇಲೆ, ತಾನು ಹೆಸರು ವಿಳಾಸ ಇರುವ ಗೌರವಸ್ಥ, ಸಂಬಳದ ನೌಕರಿ ಇರುವವನು, ತನ್ನನ್ನು ಹುಡುಕಿಕೊಂಡು ಜನ ಬಂದೇ ಬರುತ್ತಾರೆ ಎಂದು ಬೆದರಿಸುತ್ತಾನೆ. ಯಾರೂ ಬರುವುದಿಲ್ಲ. ಕಾಗದದ ಲೋಕ ಅವನನ್ನು ಮರೆಯಿತು. ಗುಂಡಿಗೆ ಬೀಳುವ ಮೊದಲೇ ಅವನು ಒಂಟಿಯಾಗಿದ್ದ ಎಂಬುದು ಅವನಿಗೆ ತಿಳಿಯುವುದು ಆಗ.

ಆ ಕಾಲದ ಜಪಾನನ್ನೂ ಇಲ್ಲಿ ನೆನೆಯಬೇಕು. ಚಿತ್ರ ತೆರೆಗೆ ಬಂದ 1964ರಲ್ಲೇ ಟೋಕಿಯೊದಲ್ಲಿ ಒಲಿಂಪಿಕ್ ಕ್ರೀಡೆಗಳು ನಡೆದವು. ಟೋಕಿಯೊದಿಂದ ಒಸಾಕಾಕ್ಕೆ ಅತಿವೇಗದ ರೈಲು ಓಡಿತು. ಹಳ್ಳಿಗಳಿಂದ ಜನ ನಗರಕ್ಕೆ ಹರಿದು ಬರುತ್ತಿದ್ದರು. ಕಟ್ಟಡಗಳಿಗೆ ಮರಳು ಬೇಕಾಗಿತ್ತು. ಕಥೆಯ ಹಳ್ಳಿಯವರು ಗುಂಡಿಯಿಂದ ಎತ್ತಿದ ಉಪ್ಪುಮರಳನ್ನು ಗುಟ್ಟಾಗಿ ಮಾರುತ್ತಾರೆ. ಉಪ್ಪು ಬೆರೆತ ಕಾಂಕ್ರೀಟಿನಲ್ಲಿ ಕಬ್ಬಿಣಕ್ಕೆ ತುಕ್ಕು ಹಿಡಿಯುತ್ತದೆ, ಕಟ್ಟಡ ಕುಸಿದೀತು ಎಂದು ಮಾಸ್ತರ ಗದರಿದರೆ, ಎಲ್ಲೋ ಇರುವವರ ಚಿಂತೆ ನಮಗೇಕೆ ಎಂಬ ಅರ್ಥದಲ್ಲಿ ಆ ಹೆಂಗಸು ಉತ್ತರಿಸುತ್ತಾಳೆ. ಮಾತು ಕ್ರೂರ. ಆದರೆ ನಗರ ಆ ಹಳ್ಳಿಯ ಚಿಂತೆ ಮಾಡಿತ್ತೆ? ಮರಳು ಗೆಲ್ಲುತ್ತಿರುವ ಊರಿಗೆ ಯಾರೂ ಬರಲಿಲ್ಲ, ಬಂದವನನ್ನು ಅವರು ಹಿಡಿದಿಟ್ಟುಕೊಂಡರು. ಒಂದು ಅನ್ಯಾಯ ಇನ್ನೊಂದನ್ನು ತೊಳೆಯುವುದಿಲ್ಲ. ಆದರೆ ಅದು ಎಲ್ಲಿಂದ ಹುಟ್ಟಿತು ಎಂದು ಚಿತ್ರ ಮುಚ್ಚಿಡುವುದಿಲ್ಲ.

ಈಗ ಈ ಚಿತ್ರದ ತಿರುಳಿಗೆ ಬಂದೆವು. ಅದು ಇರುವುದು ನೀರಿನಲ್ಲಿ.

ಮೊದಲ ರಾತ್ರಿ ಹೆಂಗಸು ಒಂದು ಮಾತು ಹೇಳುತ್ತಾಳೆ. ಮರಳು ತೇವವನ್ನು ಎಳೆಯುತ್ತದೆ, ಮನೆಯ ತೊಲೆಗಳು ಅದರಿಂದಲೇ ಕೊಳೆಯುತ್ತವೆ ಎನ್ನುತ್ತಾಳೆ. ಮಾಸ್ತರ ನಗುತ್ತಾನೆ. ಮರಳು ಎಂದರೆ ಒಣಗಿದ ವಸ್ತು, ಅದರಿಂದ ಮರ ಕೊಳೆಯುವುದೆಲ್ಲಿ ಬಂತು ಎಂದು ಪಾಠ ಹೇಳುತ್ತಾನೆ. ಅವನು ಓದಿದವನು. ಅವಳು ಮರಳಿನಲ್ಲೇ ಬದುಕಿದವಳು. ಅವನು ನಕ್ಕ ಮೇಲೆ ಅವಳು ವಾದಿಸುವುದಿಲ್ಲ, ಕೊಡೆ ಹಿಡಿದು ಸುಮ್ಮನಾಗುತ್ತಾಳೆ. ರಾತ್ರಿ ಹೊತ್ತು ಮರಳಿಗೆ ಪಸೆ ಇರುತ್ತದೆ, ತೋಡಲು ಸುಲಭ ಎಂದು ಅವಳು ರಾತ್ರಿಯೇ ಕೆಲಸ ಮಾಡುವುದನ್ನು ಕಂಡೂ ಅವನಿಗೆ ಅರ್ಥವಾಗುವುದಿಲ್ಲ.

ತಿಂಗಳುಗಳು ಕಳೆದ ಮೇಲೆ ಅವನು ಕಾಗೆ ಹಿಡಿಯಲು ಒಂದು ಬಲೆ ಹೂಡುತ್ತಾನೆ. ಕಾಗೆಯ ಕಾಲಿಗೆ ಪತ್ರ ಕಟ್ಟಿ ಹಾರಿಸಬೇಕೆಂಬ ಉಪಾಯ. ಆ ಬಲೆಗೆ ಅವನಿಟ್ಟ ಹೆಸರು ಆಶೆ. ಮರಳಿನಲ್ಲಿ ಒಂದು ಮರದ ಬಕೆಟ್ಟನ್ನು ಹೂತು, ಮೇಲೆ ಮುಚ್ಚಿ, ಮೀನಿನ ತುಂಡು ಇಡುತ್ತಾನೆ. ಕಾಗೆ ಬೀಳುವುದಿಲ್ಲ. ಆದರೆ ಒಂದು ದಿನ ಮುಚ್ಚಳ ತೆಗೆದು ನೋಡಿದರೆ ಬಕೆಟ್ಟಿನ ತಳದಲ್ಲಿ ತಿಳಿಯಾದ ನೀರು ನಿಂತಿದೆ!

ಬೇಸಿಗೆಯಲ್ಲಿ ಬತ್ತಿದ ಹೊಳೆಯ ಪಾತ್ರದಲ್ಲಿ ಕೈಯಿಂದ ತೋಡಿ ಒರತೆ ಮಾಡಿದವರಿಗೆ ಇದು ಸೋಜಿಗವಲ್ಲ. ಮೇಲೆ ಕಾಲು ಸುಡುವ ಮರಳು, ಒಂದು ಮೊಳ ಕೆಳಗೆ ತಂಪು. ಕಾರಣ ಹೀಗಿದೆ. ಮರಳಿನ ಕಣಗಳ ನಡುವೆ ಬಹಳ ಕಿರಿದಾದ ಸಂದಿಗಳಿರುತ್ತವೆ. ದೀಪದ ಬತ್ತಿ ಎಣ್ಣೆಯನ್ನು ಮೇಲಕ್ಕೆ ಎಳೆಯುವಂತೆ ಆ ಸಂದಿಗಳು ಕೆಳಗಿನ ನೀರನ್ನು ಮೇಲಕ್ಕೆಳೆಯುತ್ತವೆ. ಬಿಸಿಲಿಗೆ ಮೇಲ್ಭಾಗದ ತೇವ ಆವಿಯಾದಂತೆಲ್ಲ ಕೆಳಗಿನಿಂದ ಹೊಸ ತೇವ ಏರುತ್ತದೆ. ಮುಚ್ಚಿದ ಜಾಗದಲ್ಲಿ ಆ ಆವಿ ತಣಿದು ಹನಿಯಾಗುತ್ತದೆ. ನಿಜ ಜೀವನದಲ್ಲಿ ಬಕೆಟ್ಟು ತುಂಬುವಷ್ಟು ನೀರು ಹೀಗೆ ಸುಲಭವಾಗಿ ಸಿಗದು, ಆದರೆ ತತ್ತ್ವ ಸರಿಯಾದದ್ದೇ. ಊರಿನವರು ಯಾವ ನೀರನ್ನು ಹಗ್ಗದಲ್ಲಿ ಇಳಿಸಿ ಅವನನ್ನು ಕುಣಿಸುತ್ತಿದ್ದರೋ ಆ ನೀರು ಅವನ ಕಾಲಡಿಯಲ್ಲೇ ಇತ್ತು.

ಅವನು ಮಕ್ಕಳಂತೆ ಹಿಗ್ಗುತ್ತಾನೆ. ನೀರಿನ ಏರಿಳಿತವನ್ನು ಬರೆದಿಡುತ್ತಾನೆ, ಪ್ರಯೋಗ ಮಾಡುತ್ತಾನೆ. ಹೊಸ ಕೀಟಕ್ಕೆ ತನ್ನ ಹೆಸರು ಬರಬೇಕೆಂಬ ಆಸೆ ಎಲ್ಲಿಗೋ ಹೋಯಿತು. ಆದರೆ ಗಮನಿಸಿ, ಕೇಳುಗರೆ. ಅವನು ಕಂಡುಹಿಡಿದದ್ದು ಏನನ್ನು? ಮರಳಿನಲ್ಲಿ ತೇವವಿದೆ ಎಂಬುದನ್ನು. ಮೊದಲ ರಾತ್ರಿ ಆ ಹೆಂಗಸು ಹೇಳಿದ್ದು ಅದನ್ನೇ. ಅವಳ ಬಾಯಲ್ಲಿ ಬಂದಾಗ ನಗೆಗೀಡಾದ ಮಾತು ಅವನ ಬಕೆಟ್ಟಿನಲ್ಲಿ ಕಂಡಾಗ ಶೋಧವಾಯಿತು. ವಾಸ್ತವವನ್ನು ನಾವು ಕಾಣದೆ ಹೋಗುವುದು ಅದು ದೂರ ಇದೆ ಎಂದಲ್ಲ. ಹೇಳಿದವರು ಯಾರು ಎಂದು ನೋಡಿ ಕಿವಿ ಮುಚ್ಚಿಕೊಳ್ಳುತ್ತೇವೆ, ಅದಕ್ಕೆ. ಮರಳಿನ ಗೋಡೆಗಿಂತ ಹೆಚ್ಚಾಗಿ ಈ ಕಿವುಡೇ ಅವನನ್ನು ಒಂಟಿಯಾಗಿಸಿತ್ತು.

ಮುಂದಿನ ಕಥೆ ಚಿಕ್ಕದು. ನೀರು ಸಿಗುವ ಮುನ್ನ ಒಮ್ಮೆ ಅವನು ದಿನಕ್ಕೆ ಸ್ವಲ್ಪ ಹೊತ್ತು ಕಡಲನ್ನು ನೋಡಲು ಬಿಡಿ ಎಂದು ಬೇಡಿದ್ದ. ಅದಕ್ಕೆ ಊರಿನವರು ಅವನೂ ಆ ಹೆಂಗಸೂ ಎಲ್ಲರ ಕಣ್ಣೆದುರಿಗೇ ಕೂಡಬೇಕೆಂದು ಕೇಳಿದ್ದರು. ಗುಂಡಿಯ ಅಂಚಿನಲ್ಲಿ ಮುಖವಾಡ ತೊಟ್ಟು, ಡೋಲು ಬಾರಿಸುತ್ತ ನಿಂತಿದ್ದರು. ಅವನು ಒಪ್ಪಿ ಮುನ್ನುಗ್ಗಿದ್ದ. ಕೊನೆಯವರೆಗೂ ಹೋರಾಡಿ ತಡೆದವಳು ಅವಳು. ಇಡೀ ಚಿತ್ರದಲ್ಲಿ ಬಾಗಿ ಬಾಗಿ ನಡೆಯುವವಳು ಆ ಒಂದು ಗಳಿಗೆಯಲ್ಲಿ ಬಾಗಲಿಲ್ಲ. ಅವನಿಗೆ ಕಡಲು ಬೇಕಾಗಿತ್ತು, ಅವಳಿಗೆ ಮಾನ ಬೇಕಾಗಿತ್ತು.

ಕಾಲಾಂತರದಲ್ಲಿ ಅವಳು ಗರ್ಭಿಣಿಯಾಗುತ್ತಾಳೆ. ಗರ್ಭ ಗರ್ಭಕೋಶದ ಹೊರಗೆ ನಿಂತು ನೋವು ಏಳುತ್ತದೆ. ಊರಿನವರು ಅವಳನ್ನು ಹೊದಿಕೆಯಲ್ಲಿ ಸುತ್ತಿ ಮೇಲೆತ್ತಿ ಆಸ್ಪತ್ರೆಗೆ ಒಯ್ಯುತ್ತಾರೆ. ಆ ಗಡಿಬಿಡಿಯಲ್ಲಿ ಹಗ್ಗದ ಏಣಿ ಅಲ್ಲೇ ಉಳಿಯುತ್ತದೆ. ಮಾಸ್ತರ ಹತ್ತುತ್ತಾನೆ. ಕಡಲನ್ನು ನೋಡುತ್ತಾನೆ. ತಡೆಯುವವರು ಯಾರೂ ಇಲ್ಲ. ಅವನು ಮತ್ತೆ ಗುಂಡಿಗೆ ಇಳಿದು, ಬಕೆಟ್ಟಿನ ನೀರನ್ನು ನೋಡುತ್ತಾನೆ. ಓಡಿಹೋಗಲು ಅವಸರವೇನಿಲ್ಲ, ಈ ನೀರಿನ ವಿಷಯವನ್ನು ಯಾರಿಗಾದರೂ ಹೇಳಬೇಕು, ಇದನ್ನು ಕೇಳಿ ಬೆಲೆ ಕಟ್ಟುವವರು ಈ ಊರಿನವರನ್ನು ಬಿಟ್ಟರೆ ಇನ್ನಾರು ಎಂದುಕೊಳ್ಳುತ್ತಾನೆ. ಅನಂತರ ತೆರೆಯ ಮೇಲೆ ಒಂದು ಕಾಗದ. ಏಳು ವರ್ಷಗಳಿಂದ ಪತ್ತೆಯಿಲ್ಲದ ನಿಕಿ ಜುಂಪೆ ಎಂಬವನನ್ನು ಕಾಣೆಯಾದವನೆಂದು ನ್ಯಾಯಾಲಯ ಘೋಷಿಸಿದ ಆದೇಶ. ಅವನ ಹೆಸರು ನಮಗೆ ತಿಳಿಯುವುದು ಆಗಲೇ. ಲೋಕಕ್ಕೆ ಅವನು ಇಲ್ಲವಾದ ದಿನ ಅವನಿಗೊಂದು ಹೆಸರು ಸಿಕ್ಕಿತು. ನಮ್ಮ ದೇಶದ ಸಾಕ್ಷ್ಯ ಕಾನೂನಿನಲ್ಲೂ ಇಂಥ ಪ್ರಕರಣಕ್ಕೆ ಏಳು ವರ್ಷಗಳ ಲೆಕ್ಕವೇ ಇದೆ. ಮನೆ ಬಿಟ್ಟು ಕಣ್ಮರೆಯಾಗುವುದಕ್ಕೆ ಜಪಾನೀ ಭಾಷೆಯಲ್ಲಿ ಬಳಕೆಗೆ ಬಂದ ಒಂದು ಮಾತಿನ ಅರ್ಥ ಆವಿಯಾಗುವುದು ಎಂದು. ನೀರು ಆವಿಯಾಯಿತು, ಮನುಷ್ಯನೂ ಆವಿಯಾದ. ನೀರು ಮಾತ್ರ ಬಕೆಟ್ಟಿನಲ್ಲಿ ಹನಿಯಾಗಿ ಮರಳಿ ಬಂತು.

ಅವನು ಉಳಿದದ್ದು ಸರಿಯೆ? ಚಿತ್ರ ನೋಡಿದವರಲ್ಲಿ ಇದರ ಬಗ್ಗೆ ಎರಡು ಪಂಗಡ. ಪಂಜರದ ಗಿಳಿ ಬಾಗಿಲು ತೆರೆದರೂ ಹಾರದಂತೆ ಅವನು ಸೆರೆಗೆ ಒಗ್ಗಿಹೋದ, ನೀರೆಂಬುದು ತನ್ನನ್ನು ತಾನೇ ನಂಬಿಸಿಕೊಳ್ಳಲು ಹುಡುಕಿದ ನೆಪ ಎನ್ನುವವರು ಒಂದು ಕಡೆ. ಟೋಕಿಯೊದಲ್ಲಿ ಯಾರಿಗೂ ಬೇಡವಾಗಿದ್ದವನು ಇಲ್ಲಿ ಬೇಕಾದವನಾದ, ಹೋಗಬಲ್ಲವನಾಗಿಯೂ ಉಳಿದದ್ದೇ ನಿಜವಾದ ಬಿಡುಗಡೆ ಎನ್ನುವವರು ಇನ್ನೊಂದು ಕಡೆ. ಕನ್ನಡ ಬಲ್ಲ ನಮಗೆ ಈ ಜಗಳ ನಮ್ಮ ಮಾತಿನಲ್ಲೇ ಅಡಗಿದೆ. ಮರಳು ಎಂದರೆ ಉಸುಕು. ಮರಳು ಎಂದರೆ ಹಿಂದಿರುಗು. ಒಂದು ಕೊಂಬು ಸೇರಿಸಿದರೆ ಮರುಳು, ಅಂದರೆ ಭ್ರಮೆ. ಅವನು ಮರಳಿಗೆ ಮರಳಿದ್ದು ಮರುಳಿನಿಂದಲೋ ಅರಿವಿನಿಂದಲೋ? ತೆಶಿಗಹಾರ ತೀರ್ಪು ಕೊಡುವುದಿಲ್ಲ. ನನಗೆ ತೋರುವುದು ಇಷ್ಟು: ಏಣಿ ಸಿಕ್ಕಿದಾಗಲೂ ಅವನ ಒಂಟಿತನ ತೀರಿರಲಿಲ್ಲ. ಹೇಳಬೇಕಾದ ಒಂದು ಮಾತು, ಅದನ್ನು ಕೇಳಬೇಕಾದ ಜನ, ಇವೆರಡೂ ತನಗಿವೆ ಎಂದು ಅನಿಸಿದಾಗ ಅದು ತೀರಿತು. ಆದರೆ ಆ ಜನ ಅವನ ಬದುಕನ್ನು ಕದ್ದವರು ಎಂಬ ಮುಳ್ಳೂ ಅಲ್ಲೇ ಉಳಿಯುತ್ತದೆ. ಅದನ್ನು ಕಿತ್ತು ಎಸೆದು ಸುಖಾಂತ್ಯ ಮಾಡಿಕೊಳ್ಳುವುದು ಸಲ್ಲದು.

ಇನ್ನೊಂದು ಮುಳ್ಳಿದೆ. ಕೊನೆಗೆ ಮಾಸ್ತರನಿಗೆ ಹೆಸರು ಸಿಕ್ಕಿತು. ಆ ಹೆಂಗಸಿಗೆ ಕೊನೆಯವರೆಗೂ ಹೆಸರಿಲ್ಲ. ಅವಳು ಕಾಣೆಯಾದರೆ ಯಾವ ನ್ಯಾಯಾಲಯದಲ್ಲೂ ಆದೇಶವಾಗುವುದಿಲ್ಲ. ಅವಳು ಆಸ್ಪತ್ರೆಯಿಂದ ಮರಳಿದಳೆ ಎಂಬುದನ್ನೂ ಚಿತ್ರ ಹೇಳುವುದಿಲ್ಲ. ಆ ಪಾತ್ರವನ್ನು ವಹಿಸಿದವರು ಕ್ಯೋಕೊ ಕಿಶಿದಾ. ಮಾಸ್ತರನಾಗಿ ಏಜಿ ಒಕಾದಾ. ಇಬ್ಬರ ಅಭಿನಯವೂ ಉತ್ತಮ. ಆದರೆ ನೋಡಿ ಮುಗಿಸಿದ ಮೇಲೆ ಮನಸ್ಸಿನಲ್ಲಿ ಉಳಿಯುವುದು ಕೊಡೆ ಹಿಡಿದು ಕುಳಿತ ಅವಳ ಮುಖ.

1964ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಈ ಚಿತ್ರಕ್ಕೆ ತೀರ್ಪುಗಾರರ ವಿಶೇಷ ಬಹುಮಾನ ಬಂತು. ಅಮೆರಿಕದ ಆಸ್ಕರ್ ಪ್ರಶಸ್ತಿಗೆ ವಿದೇಶೀ ಭಾಷೆಯ ಚಿತ್ರವಾಗಿಯೂ, ಮರುವರ್ಷ ನಿರ್ದೇಶನಕ್ಕಾಗಿಯೂ ಹೆಸರು ಸೇರಿತು. ಪ್ರಶಸ್ತಿಗಳು ಸಿಗಲಿಲ್ಲ. ಉತ್ತಮ ನಿರ್ದೇಶಕನ ಪಟ್ಟಿಗೆ ಸೇರಿದ ಮೊದಲ ಜಪಾನೀಯ ತೆಶಿಗಹಾರ. ರಷ್ಯದ ಮಹಾನ್ ನಿರ್ದೇಶಕ ಆಂದ್ರೇ ತಾರ್ಕೋವ್‌ಸ್ಕಿ ತಮಗೆ ಮೆಚ್ಚಿಕೆಯಾದ ಹತ್ತು ಚಿತ್ರಗಳಲ್ಲಿ ಇದನ್ನೂ ಎಣಿಸಿದ್ದರು.

ನೋಡುವ ಅವಕಾಶ ಸಿಕ್ಕಿದರೆ ಅವಸರವಿಲ್ಲದ ಒಂದು ಸಂಜೆಯನ್ನು ಇದಕ್ಕೆಂದು ತೆಗೆದಿಡಿ. ಸಾಧ್ಯವಾದರೆ ನಾಲ್ಕು ಜನ ಕೂಡಿ ದೊಡ್ಡ ತೆರೆಯಲ್ಲಿ ನೋಡಿ. ಅರ್ಧ ಗಂಟೆ ಏನೂ ಆಗುತ್ತಿಲ್ಲವಲ್ಲ ಎನಿಸಿದರೆ ಏಳಬೇಡಿ. ಮರಳನ್ನು ನೋಡಿ, ಸದ್ದನ್ನು ಕೇಳಿ. ಮುಗಿದ ಮೇಲೆ ಅವನು ಮಾಡಿದ್ದು ಸರಿಯೋ ತಪ್ಪೋ ಎಂದು ಮನೆಯ ಹೆಂಗಸರನ್ನೂ ಕೂರಿಸಿಕೊಂಡು ಮಾತಾಡಿ. ಅವರು ಹೇಳುವುದು ನಿಮ್ಮದಕ್ಕಿಂತ ಬೇರೆಯಾಗಿರುತ್ತದೆ.

ಕೊನೆಯದಾಗಿ ಒಂದು ಸಂಗತಿ. ಕಥೆಯ ಆ ಹೆಂಗಸಿಗೆ ಒಂದೇ ಒಂದು ಆಸೆ ಇತ್ತು. ಹಗಲು ನಿದ್ದೆಯ ನಡುವೆ ಬಿಡುವು ಸಿಕ್ಕಾಗಲೆಲ್ಲ ಅವಳು ಮಣಿ ಪೋಣಿಸಿ ಕಾಸು ಕೂಡಿಸುತ್ತಿದ್ದಳು. ಅದು ಒಡವೆಗಲ್ಲ, ಗುಂಡಿಯಿಂದ ಹೊರಗೆ ಹೋಗುವುದಕ್ಕೂ ಅಲ್ಲ. ಒಂದು ರೇಡಿಯೋ ಕೊಳ್ಳಬೇಕು ಎಂದು. ಗೋಡೆ ಎಷ್ಟೇ ಎತ್ತರವಿರಲಿ, ಏಣಿ ಇರಲಿ ಇಲ್ಲದಿರಲಿ, ಇನ್ನೊಬ್ಬ ಮನುಷ್ಯನ ಮಾತು ಕಿವಿಗೆ ಬೀಳಬೇಕು. ಅವಳು ಬಯಸಿದ್ದು ಅಷ್ಟನ್ನೇ.